ಅಪ್ಪನ ತುಟಿ, ಯಾರದೋ ದನಿ

ಅಪ್ಪಾ,

ನಿನ್ನ ದನಿ ಹೇಗಿತ್ತೆಂಬುದೇ ನನಗೆ ಮರೆತುಹೋಗಿದೆ. ಅದನ್ನೊಮ್ಮೆ ಕೇಳಬೇಕೆಂದೇ ಇವತ್ತು ಮಗಳು ಇಂಚರಾಳನ್ನು ಕರೆದುಕೊಂಡು, ಅಮೆರಿಕದಲ್ಲಿ ನಾವಿರುವ ರಿಚರ್ಡ್‌ಸನ್‌ನಿಂದ ಆಸ್ಟಿನ್‌ವರೆಗೆ ಡ್ರೈವ್ ಮಾಡಿದೆ. ಅಲ್ಲಿನ ಥಿಯೇಟರೊಂದರಲ್ಲಿ ನೀನು ನಟಿಸಿದ್ದ ಹಳೆಯ ಇಟಾಲಿಯನ್ ದೆವ್ವದ ಸಿನಿಮಾ ಹಾಕಿದ್ದರು. ನಮ್ಮನ್ನು ಮೈಸೂರಿನಲ್ಲಿ ಬಿಟ್ಟು ನಟನಾಗಲು ರೋಮ್‌ಗೆ ಹೋದ ನಿನಗೆ ಕೊನೆಯವರೆಗೂ ಸಿಕ್ಕಿದ್ದು ಇಂಥ ಪಾತ್ರಗಳೇ: ಮಂತ್ರವಾದಿ, ಬಟ್ಲರ್, ಹಾವಾಡಿಗ. ಎಲ್ಲದರಲ್ಲೂ ಅರ್ಧಕ್ಕೇ ಸಾಯುತ್ತಿದ್ದೆ.

ತೆರೆಯ ಮೇಲೆ ನೀನು ಬಾಯಿ ತೆರೆದೆ. ಬಂದದ್ದು ಯಾವನೋ ಅಮೆರಿಕದವನ ಗೊಗ್ಗರು ದನಿ.

"ಅಮ್ಮಾ, ಈಸ್ ದಟ್ ತಾತಾಸ್ ವಾಯ್ಸ್?" ಎಂದಳು ಇಂಚರಾ.

"ಅಲ್ಲ ಕಣೇ, ಡಬ್ಬಿಂಗು. ಶೂಟಿಂಗಲ್ಲಿ ಅವರವರ ಭಾಷೇಲಿ ಏನೋ ಮಾತಾಡ್ತಿದ್ರಂತೆ. ಆಮೇಲೆ ಬೇರೆಯವ್ರು ದನಿ ಕೊಡೋರು."

ಸಿನಿಮಾ ಅರ್ಧಕ್ಕೆ ಬರುವಷ್ಟರಲ್ಲಿ ದೆವ್ವ ನಿನ್ನ ಕತ್ತು ಹಿಸುಕಿತು. ನಿನ್ನ ಬಾಯಿಂದ ಆ ಗೊಗ್ಗರು ದನಿ ಇಂಗ್ಲಿಷಿನಲ್ಲಿ ಶಾಪ ಹಾಕುತ್ತಿತ್ತು, ಜನ ನಗುತ್ತಿದ್ದರು. ನಿನ್ನ ತುಟಿ ಮಾತ್ರ ಬೇರೆಯದನ್ನೇ ಹೇಳಿತು. ಕೆಳತುಟಿ ಹಲ್ಲಿಗೆ ತಾಗಿ, ಮೆಲ್ಲಗೆ ದುಂಡಗಾಯಿತು: ವಸೂ.

ನನ್ನನ್ನು ಹಾಗೆ ಕರೆಯುತ್ತಿದ್ದವನು ನೀನೊಬ್ಬನೇ.

ಕತ್ತಲಲ್ಲಿ ಎದ್ದು ನಿಂತು, "ಬಂದೆ ಅಪ್ಪಾ, ಇರು, ಬಂದೆ" ಎಂದು ಕೂಗಿಬಿಟ್ಟೆ.

ಅಷ್ಟರಲ್ಲಿ ನೀನು ಸತ್ತಿದ್ದೆ.