ಬೀದಿಗೆ ಬೆಳಗು ಕೊಡುವವಳು

ಅಕ್ಕಾ, ನೀನು ಎಲ್ಲಿದ್ದೀಯೋ ಯಾರಿಗೂ ಗೊತ್ತಿಲ್ಲ, ಆದರೂ ಹೇಳದೆ ಇರಲಾರೆ! ಇವತ್ತು ಕಾಲ ಮತ್ತು ಮಾಯಾಶಕ್ತಿಯ ಸರ್ವೆಯವರು ನಮ್ಮ ಮನೆಗೂ ಬಂದಿದ್ದರು. ನನ್ನ ಕೈಗೆ ತಾಮ್ರದ ಮೀಟರ್ ಕೊಟ್ಟಿದ್ದೇ ತಡ, ಮುಳ್ಳು ಗರಗರ ತಿರುಗಿತು.

"ಈ ಬೀದಿಯ ಕಾಲವೆಲ್ಲ ನಿಮ್ಮ ಶಕ್ತಿಯಿಂದಲೇ ನಡೀತಿದೆ ತಾಯಿ. ನೀವು ಹೊಸ್ತಿಲು ದಾಟಿದರೆ ಇಲ್ಲಿ ಬೆಳಗೇ ಆಗಲ್ಲ," ಎಂದರು.

ನಾನು ಅಷ್ಟು ಸ್ಪೆಷಲ್ ಅಂತ ಗೊತ್ತೇ ಇರಲಿಲ್ಲ! ಅತ್ತೆ ಕೆನ್ನೆ ಹಿಂಡಿದರು. "ನಮ್ಮ ಸೊಸೆ ಚಿನ್ನ ಕಣ್ರೀ, ಇನ್ನು ಎಲ್ಲಿಗೂ ಬಿಡಲ್ಲ."

ಇವರು ನಗುನಗುತ್ತಲೇ ಬಾಗಿಲಿಗೆ ಹೊಸ ಬೀಗ ಹಾಕಿದರು. ನಾನೂ ನಕ್ಕೆ.

ನೀನು ಗಂಡನ ಮನೆ ಬಿಟ್ಟು ಹೋದಾಗ ಆ ಬೀದಿಯಲ್ಲಿ ಬೆಳಗಾಗಲಿಲ್ಲವೆಂದು ಎಲ್ಲರೂ ನಿನ್ನನ್ನು ಬೈದೆವು.

ಅಕ್ಕಾ, ನಿನಗೆ ಬೀಗದ ಕೈ ಎಲ್ಲಿ ಸಿಕ್ಕಿತು?