ಜ್ವರದ ಹುಡುಗಿಯ ಚಿತ್ರ

ಭಾನುವಾರ, ಮಧ್ಯಾಹ್ನ

ಅಮ್ಮ,

ನಾನು ಚೆನ್ನಾಗಿದ್ದೇನೆ. ನೀನು ಚೆನ್ನಾಗಿರುವುದು ರೇಡಿಯೊದಿಂದಲೇ ತಿಳಿಯಿತು. ಹಾಗಾಗಿ ಕ್ಷೇಮ ಸಮಾಚಾರ ಇಲ್ಲಿಗೆ ಮುಗಿಯಿತು ಅಂದುಕೋ.

ನಿನ್ನ ಕಾಗದ ತಲುಪಿತು. ನೀನು ಚಿತ್ರ ಬರೆದ ಆ ಹಳೆಯ ಅಮೆರಿಕನ್ ಕಾದಂಬರಿಗಳನ್ನೆಲ್ಲ ಪ್ರಕಾಶಕರು ದೊಡ್ಡ ಆಕಾರದಲ್ಲಿ, ಬಟ್ಟೆಯ ರಟ್ಟು ಹಾಕಿ ಮತ್ತೆ ಅಚ್ಚು ಮಾಡಿದ್ದಾರೆ, ಬಿಡುಗಡೆಯ ದಿನ ನಿನಗೆ ಸನ್ಮಾನವಿದೆ, ಅಂದು ನಾನು ಬಂದು ವೇದಿಕೆಯ ಮೇಲೆ ಆ ಜ್ವರದ ಹುಡುಗಿಯ ಚಿತ್ರದ ಪಕ್ಕ ನಿಂತು ಎರಡು ಮಾತಾಡಬೇಕು ಎಂದು ಬರೆದಿದ್ದೀಯ. ಬರುವುದಿಲ್ಲ. ರೈಲ್ವೆ ಕಚೇರಿಯಲ್ಲಿ ಹೊಸ ವೇಳಾಪಟ್ಟಿಯ ಗಲಾಟೆ, ರಜೆ ಸಿಗುವುದಿಲ್ಲ ಎಂದು ಬರೆದು ತಪ್ಪಿಸಿಕೊಳ್ಳೋಣ ಎಂದುಕೊಂಡೆ. ಗಲಾಟೆ ಇರುವುದೂ ನಿಜವೇ. ಆದರೆ ಕಾರಣ ಅದಲ್ಲ, ಅದು ನಿನಗೂ ಗೊತ್ತು.

ನಿನ್ನ ಮೇಲೆ ಎಲ್ಲಕ್ಕೂ ಸಿಟ್ಟಿಲ್ಲ. ಅಮೆರಿಕದ ಮುಖವನ್ನೇ ನೋಡದ ನೀನು ಇಡೀ ಅಮೆರಿಕವನ್ನು ನಮ್ಮ ಎರಡು ಕೋಣೆಯೊಳಗೆ ಕಟ್ಟಿದೆ. ಅಂಗಾತ ಮಲಗಿಸಿದ ಮೇಜು ಹಡಗಾಗುತ್ತಿತ್ತು, ಪೊರಕೆ ಹುಟ್ಟಾಗುತ್ತಿತ್ತು. ಅಪ್ಪ ಅಚ್ಚುಕೂಟದಲ್ಲಿ ದಿನವಿಡೀ ಅಕ್ಷರದ ಮೊಳೆ ಜೋಡಿಸಿ ಸುಸ್ತಾಗಿ ಬಂದರೂ ನೆಲದ ಮೇಲೆ ಮಂಡಿಯೂರಿ ಕುದುರೆಯಾಗುತ್ತಿದ್ದರು. "ಕುತ್ತಿಗೆ ಎತ್ರೀ, ಇದು ಓಡೋ ಕುದುರೆ, ಹುಲ್ಲು ಮೇಯೋದಲ್ಲ" ಎಂದು ನೀನು ಗದರಿದರೆ ಅವರು ಕೆನೆದು ತೋರಿಸುತ್ತಿದ್ದರು. ನಿನ್ನ ಚಿತ್ರಗಳಲ್ಲಿ ಹಡಗಿನ ಹುಡುಗ ನಾನು, ಅನಾಥ ಹುಡುಗಿ ನಾನು, ನಿನ್ನ ಕಪ್ಪು ಲಂಗ ಹೊದ್ದ ವಿಧವೆಯೂ ನಾನೇ. ನನಗೆ ಆಗ ಎಂಟು ವರ್ಷ. "ಅಲ್ಲಾಡಬೇಡ ಗುಬ್ಬಿ" ಎಂದು ನೀನು ಹೇಳಿದರೆ ಮೂಗಿನ ಮೇಲೆ ನೊಣ ಕೂತರೂ ನಾನು ಅಲ್ಲಾಡುತ್ತಿರಲಿಲ್ಲ. ನೀನು ಅಷ್ಟು ಹೊತ್ತು ನನ್ನನ್ನೇ ನೋಡುತ್ತಿದ್ದದ್ದು ಆಗ ಮಾತ್ರ.

ಆಮೇಲೆ ಹುಲ್ಲುಗಾವಲಿನ ಸಂಸಾರದ ಆ ಕಾದಂಬರಿ ಬಂತು. ಅದರಲ್ಲಿ ಚಿಕ್ಕ ಮಗಳು ಎದೆಯ ಕಾಯಿಲೆಯಿಂದ ಸಾಯುತ್ತಾಳೆ. ಆ ಒಂದು ಚಿತ್ರ ಮಾತ್ರ ನಿನ್ನ ಹಿಡಿತಕ್ಕೆ ಸಿಗಲಿಲ್ಲ. ನನ್ನನ್ನು ಎಷ್ಟು ಸಲ ಮಲಗಿಸಿದರೂ ನೀನು "ಇದು ನಿದ್ದೆ ಮಾಡೋ ಹುಡುಗಿ, ಸಾಯೋಳಲ್ಲ" ಎಂದು ಹಾಳೆ ಮುದ್ದೆ ಮಾಡಿ ಎಸೆಯುತ್ತಿದ್ದೆ. ನಿನ್ನನ್ನು ಸಮಾಧಾನ ಮಾಡಲು ನಾನು ಕೆಮ್ಮುವ ನಾಟಕವನ್ನೂ ಆಡಿದೆ.

ಒಂದು ಬೆಳಿಗ್ಗೆ ನಾಟಕ ಬೇಕಾಗಲಿಲ್ಲ. ಮೈ ಕೆಂಡದ ಹಾಗೆ ಸುಡುತ್ತಿತ್ತು. ಎಡಗಿವಿಯೊಳಗೆ ಯಾರೋ ಸೂಜಿ ತಿರುವಿದ ಹಾಗೆ ನೋವು. "ಅಮ್ಮಾ, ಕಿವಿ ನೋಯ್ತಿದೆ" ಎಂದೆ. ನೀನು ಹತ್ತಿರ ಬಂದೆ, ಹಣೆ ಮುಟ್ಟಿ ನೋಡಿದೆ, ಕಿಟಕಿಯ ಪರದೆ ಸರಿಸಿದೆ. ಗಾಳಿ ಬರಲಿ ಎಂದು ಸರಿಸಿದೆ ಅಂತ ನಾನು ಅಂದುಕೊಂಡೆ. ಆಮೇಲೆ ಕುರ್ಚಿ ಎಳೆದ ಸದ್ದು, ಕಾಗದದ ಮೇಲೆ ಪೆನ್ಸಿಲ್ ಓಡುವ ಸದ್ದು. ನನ್ನ ಎಡಗಿವಿ ಕೇಳಿದ ಕೊನೆಯ ಸದ್ದುಗಳು ಅವೇ ಇರಬೇಕು.

ಕೆಳಗಿನ ಮನೆಯ ಔಷಧಿ ಅಂಗಡಿಯಾಕೆ ಏನೋ ಕೇಳಲು ಮೇಲೆ ಬಂದವಳು ಬಾಗಿಲಲ್ಲೇ ನಿಂತಳು. "ಅಯ್ಯೋ, ಮಗು ಹೀಗೆ ನರಳ್ತಿದೆ, ನೀವೇನು ಮಾಡ್ತಿದೀರಿ? ಡಾಕ್ಟ್ರನ್ನ ಕರೆಸಿ" ಎಂದಳು. ನೀನು ತಲೆ ಎತ್ತದೆ ಹೇಳಿದ್ದು ನನಗೆ ಅಕ್ಷರಕ್ಷರವೂ ನೆನಪಿದೆ: "ಕರೆಸ್ತೀನಿ. ಇನ್ನೊಂದು ಸ್ವಲ್ಪ ಹೊತ್ತು. ಈ ಬೆಳಕು ಮತ್ತೆ ಸಿಗಲ್ಲ."

ಬೆಳಕು ಸಂಜೆಯವರೆಗೂ ಇತ್ತು.

ಅಪ್ಪ ಕೆಲಸದಿಂದ ಬಂದವರು ನನ್ನನ್ನು ನೋಡಿ ಚಪ್ಪಲಿಯನ್ನೂ ಬಿಚ್ಚದೆ ಡಾಕ್ಟರ ಹತ್ತಿರ ಓಡಿದರು. ಡಾಕ್ಟರು ಕಿವಿಯೊಳಗೆ ನೋಡಿ, "ಬೆಳಿಗ್ಗೆನೇ ಯಾಕಮ್ಮ ಹೇಳಿ ಕಳಿಸಲಿಲ್ಲ?" ಎಂದು ಕೇಳಿದಾಗ ನೀನು, "ಬೆಳಿಗ್ಗೆ ಚೆನ್ನಾಗೇ ಇದ್ಲು, ಈಗ ತಾನೇ ಏರಿತು" ಎಂದೆ. ಬೆರಳಿನ ತುದಿಯ ಸೀಸದ ಕಪ್ಪನ್ನು ಸೆರಗಿಗೆ ಒರೆಸಿಕೊಳ್ಳುತ್ತಾ ಹೇಳಿದೆ. ಕೆಲವು ದಿನದ ಮೇಲೆ ಔಷಧಿ ಅಂಗಡಿಯಾಕೆ ಅಪ್ಪನಿಗೆ ಇದ್ದದ್ದನ್ನು ಇದ್ದಹಾಗೆ ಹೇಳಿದಳು. ಆಮೇಲೆ ಅವರು ಯಾವತ್ತೂ ನಿನಗೆ ಕುದುರೆಯಾಗಲಿಲ್ಲ. "ಮಂಡಿ ನೋವು" ಎನ್ನುತ್ತಿದ್ದರು. ಸಾಯುವವರೆಗೂ ಅದೇ ಮಂಡಿಯಲ್ಲಿ ನಾಲ್ಕು ಮಹಡಿ ಹತ್ತಿ ಇಳಿದರು.

ನಾನು ರೈಲು ಓಡಿಸಬೇಕೆಂದಿದ್ದೆ. ಬರೆಯುವ ಪರೀಕ್ಷೆಯಲ್ಲಿ ಮೊದಲ ದರ್ಜೆಯಲ್ಲಿ ಪಾಸಾಗಿದ್ದೆ. ಕಿವಿಯ ಪರೀಕ್ಷೆಯಲ್ಲಿ ಎಡಗಡೆ ಗಂಟೆ ಬಾರಿಸಿದರೆ ಕೈ ಎತ್ತಬೇಕಿತ್ತು. ನಾನು ಕಾಯುತ್ತಲೇ ಕುಳಿತಿದ್ದೆ, ಅವರು ಬಾರಿಸುತ್ತಲೇ ಇದ್ದರಂತೆ. ಈಗ ಬೇರೆಯವರು ಓಡಿಸುವ ರೈಲಿಗೆ ವೇಳೆ ಬರೆಯುತ್ತೇನೆ. ಆ ಪರೀಕ್ಷೆಯ ದಿನ ಮನೆಗೆ ಬಂದು ಮೊದಲ ಬಾರಿಗೆ ನಿನ್ನ ಮುಖಕ್ಕೇ ಕೇಳಿದೆ, ಯಾಕಮ್ಮ ಆವತ್ತು ಡಾಕ್ಟರನ್ನು ಕರೆಸಲಿಲ್ಲ ಎಂದು. ನೀನು ಕುಂಚ ತೊಳೆಯುತ್ತಿದ್ದೆ. "ಕಿವಿ ಹೋಗಿದ್ದು ಹೋಯ್ತು ಗುಬ್ಬಿ. ಚಿತ್ರದಲ್ಲಿ ಆ ಮುಖ ಉಳೀತಲ್ಲ" ಎಂದೆ. ಸಮಾಧಾನದ ಮಾತು ಅಂತಲೇ ಹೇಳಿದೆ, ಪಾಪ. ನಾನು ಅದೇ ವಾರ ಬೇರೆ ಮನೆ ಹುಡುಕಿಕೊಂಡೆ.

ಮೊನ್ನೆ ಕಚೇರಿಯಲ್ಲಿ ಊಟದ ಹೊತ್ತಿಗೆ ರೇಡಿಯೊದಲ್ಲಿ ನಿನ್ನ ಮಾತು ಬಂತು. "ಆ ಜ್ವರದ ಹುಡುಗಿಗೆ ನನ್ನ ಮಗಳೇ ಮಾದರಿ. ಒಂದು ದಿನವಿಡೀ ಮಿಸುಕದೆ ಮಲಗಿದ್ಲು, ಅಷ್ಟು ಸಾಧು ಮಗು" ಎಂದು ನೀನು ನಕ್ಕೆ. ಪಕ್ಕದ ಮೇಜಿನವರೆಲ್ಲ ನನ್ನ ಕಡೆ ತಿರುಗಿ ಚಪ್ಪಾಳೆ ತಟ್ಟಿದರು. ಅದು ಬಲಗಿವಿಗೆ ಚೆನ್ನಾಗಿ ಕೇಳಿಸಿತು.

ಸಂಜೆ ಪುಸ್ತಕದಂಗಡಿಗೆ ಹೋಗಿ, ಬಿಡುಗಡೆಗೆ ಮೊದಲೇ ಮಾರಾಟಕ್ಕೆ ಬಂದಿದ್ದ ಹೊಸ ಪ್ರತಿ ತೆಗೆದು ನೋಡಿದೆ. ಈಗಿನ ಅಚ್ಚಿನಲ್ಲಿ ಎಲ್ಲ ಕಾಣುತ್ತದೆ: ಹಣೆಗೆ ಅಂಟಿದ ಕೂದಲು, ಒಡೆದ ತುಟಿ, ಕಿವಿಯ ಹತ್ತಿರ ಬಿಗಿಹಿಡಿದ ಮುಷ್ಟಿ. ಕಾದಂಬರಿಯ ಹುಡುಗಿಗೆ ಕಿವಿನೋವು ಇಲ್ಲವೇ ಇಲ್ಲ. ಆದರೂ ಎಲ್ಲರೂ ಹೊಗಳುವುದು ಆ ಮುಷ್ಟಿಯನ್ನೇ. ನನ್ನ ಪಕ್ಕ ನಿಂತಿದ್ದ ಯಾರೋ ಹೆಂಗಸು ಕಣ್ಣೊರೆಸಿಕೊಂಡು, "ಎಷ್ಟು ಜೀವ ಇದೆ ನೋಡಿ" ಎಂದಳು. ಹೌದು, ಇದೆ. ನೀನು ಬರೆದ ನೂರಾರು ಚಿತ್ರಗಳಲ್ಲಿ ಅದರಷ್ಟು ಒಳ್ಳೆಯದು ಇನ್ನೊಂದಿಲ್ಲ. ಅದು ಕೆಟ್ಟ ಚಿತ್ರವಾಗಿದ್ದರೆ ನಿನ್ನನ್ನು ಎಂದೋ ಕ್ಷಮಿಸಿಬಿಡುತ್ತಿದ್ದೆ ಅಮ್ಮ. ಕೈಲಾಗದವಳು, ಏನೋ ಎಡವಟ್ಟು ಮಾಡಿದಳು ಎಂದು ಸುಮ್ಮನಾಗುತ್ತಿದ್ದೆ.

ಸನ್ಮಾನ ಚೆನ್ನಾಗಿ ಆಗಲಿ. ಮೆಟ್ಟಿಲು ಹತ್ತುವಾಗ ಯಾರ ಕೈಯನ್ನಾದರೂ ಹಿಡಿದುಕೋ.

ಇಂತಿ,
ನಿನ್ನ ಮಗಳು

ಮರೆತಿದ್ದೆ: ಪ್ರಕಾಶಕರ ಸಂಪಾದಕಿ ನಿನ್ನೆ ಫೋನ್ ಮಾಡಿದ್ದಳು, ಮುಂದಿನ ಮುದ್ರಣದ ಮುನ್ನುಡಿಗೆ ಆ ಚಿತ್ರ ಬರೆದ ದಿನದ ನೆನಪು ಏನಾದರೂ ಬೇಕಂತೆ. ತಡೆಯಲಾಗದೆ ಎಲ್ಲವನ್ನೂ ಹೇಳಿಬಿಟ್ಟೆ. ಆಕೆ, ಇದನ್ನು ಇದ್ದಹಾಗೇ ಅದರಲ್ಲಿ ಹಾಕಬಹುದೇ ಎಂದು ಕೇಳಿದಳು. ಬೇಡ ಎಂದೆ. ನಿನ್ನ ಮಾನ ಉಳಿಸಲಿಕ್ಕೆ ಅಂದುಕೊಳ್ಳಬೇಡ. ನಿಜ ಗೊತ್ತಾದರೆ ಜನ ಆ ಚಿತ್ರವನ್ನು ಇನ್ನೂ ಹೆಚ್ಚು ಹೊತ್ತು ನೋಡುತ್ತಾರೆ.