ಹೊಲಿಗೆಮನೆಯ ಗುಟ್ಟು

ಸಾವ್ ನಿಕಲಾವ್ ದ್ವೀಪ
3 ಫೆಬ್ರವರಿ 1994

ರಾಟರ್‌ಡ್ಯಾಮಿನ ಚಳಿಯಲ್ಲಿ ಕೂತು ನನ್ನ ದಾರಿ ಕಾಯುತ್ತಿರುವ ಇವಾನಿಲ್ಡಾ ಅಕ್ಕನಿಗೆ,

ನೀನು ಕಳಿಸಿದ ಕೆಲಸದ ಕಾಗದ ಕೈಸೇರಿತು. ಎಂಟನೇ ತಾರೀಕು ನಾನು ರಾಜಧಾನಿ ಪ್ರಾಯಾದ ವೀಸಾ ಕಚೇರಿಯಲ್ಲಿರಬೇಕು, ಶನಿವಾರದ ಹಡಗು ಹತ್ತಿದರೆ ಸಾಕು. ಹತ್ತಲಾರೆ ಅಕ್ಕ. ಹಡಗು ಕೆಟ್ಟಿದೆ ಅಂತ ಬರೆಯಲು ಕೂತಿದ್ದೆ, ನಿನ್ನ ಹತ್ತಿರ ಸುಳ್ಳು ಬೇಡ ಅನ್ನಿಸಿತು.

ನಮ್ಮ ಮೇಲ್ಕೇರಿ ಕಾರ್ನಿವಲ್ ತಂಡದ ಕಟ್ಟಳೆ ನಿನಗೆ ಗೊತ್ತೇ ಇದೆ. ಈ ಸಲದ ವೇಷ ಯಾವುದು ಅಂತ ಒಮ್ಮೆ ಕಿವಿಗೆ ಬಿತ್ತೋ, ಕಾರ್ನಿವಲ್ ಮಂಗಳವಾರ ಮುಗಿಯುವ ತನಕ ಹೊಲಿಯುವವರು ದ್ವೀಪ ಬಿಡುವಂತಿಲ್ಲ. ಎದುರು ತಂಡ ಕೆಳಕೇರಿಯವರಿಗೆ ಗುಟ್ಟು ಸಿಕ್ಕರೆ ಮಾನ ಹೋಯಿತು! ಕಾರ್ನಿವಲ್ ಮುಗಿದ ಮರುದಿನ, ಬೂದಿ ಬುಧವಾರ, ಇಗರ್ಜಿಯಲ್ಲಿ ಹಣೆಗೆ ಬೂದಿ ಹಚ್ಚಿಸಿಕೊಂಡು ಬಂದವರೇ ಮುಂದಿನ ವರ್ಷದ ವೇಷಕ್ಕೆ ಗರಿ ಆಯಲು ಕೂರುತ್ತಾರೆ. ಹನ್ನೊಂದು ವರ್ಷದಿಂದ ಮೆರವಣಿಗೆಯ ರಾಣಿಯ ಉಡುಪು ನನ್ನ ತಲೆಗೇ ಕಟ್ಟಿದ್ದಾರೆ. ತಂಡದ ಯಜಮಾನ ಅರ್ಮಿಂದು ಮಾಮನ ಹತ್ತಿರ ಹೋಗಿ, ನಾಲ್ಕು ದಿನ ಬಿಡಿ ಅಂತ ಅಂಗಲಾಚಿದೆ.

"ಹೋಗೇ ತಾಯಿ, ಎರಡೂ ಕೈ ಇಲ್ಲೇ ಬಿಚ್ಚಿಟ್ಟು ಹೋಗು," ಅಂದರು. ಎಲ್ಲರೂ ನಕ್ಕರು. ನನಗೆ ಮೈಯೆಲ್ಲ ಉರಿಯಿತು.

ಗುಟ್ಟು ಬಿಟ್ಟುಕೊಟ್ಟವಳು ಮತ್ತೆ ತಂಡದ ಸೂಜಿ ಮುಟ್ಟಬಾರದು, ಅದೂ ಕಟ್ಟಳೆಯೇ ತಾನೇ? ಹೊರಗೆ ಹಾಕಿದರೆ ಹಡಗು ಹತ್ತಲು ನನ್ನನ್ನು ತಡೆಯುವವರಾರು? ಸೋಮವಾರ ಬೆಳಿಗ್ಗೆ ನಲ್ಲಿಯ ಹತ್ತಿರ ಕೆಳಕೇರಿಯ ಹೆಂಗಸೊಬ್ಬಳಿಗೆ ನಮ್ಮದು ತಿಮಿಂಗಿಲ ಅಂತ ಹೇಳಿಯೇಬಿಟ್ಟೆ. ಮಧ್ಯಾಹ್ನದೊಳಗೆ ಅವರ ಹುಡುಗಿಯರು ತಿಮಿಂಗಿಲದ ಮೇಲೆ ಪದ ಕಟ್ಟಿ, ನಮ್ಮ ಹೊಲಿಗೆಮನೆ ಮುಂದೆಯೇ ಹಾಡಿ ಹೋದರು.

ಯಾರ ಕೆಲಸ ಇದು ಅಂತ ಮಾಮ ಕೇಳಿದಾಗ ನಾನೇ ಅಂದೆ. ಯಾರೂ ನಂಬಲಿಲ್ಲ. ಹೊರಗೆ ಹಾಕಿದ್ದು ಬಿಬಿಯಾನಾ ಅತ್ತೆಯನ್ನು, ನಮ್ಮಿಬ್ಬರಿಗೂ ಸೂಜಿ ಹಿಡಿಯಲು ಕಲಿಸಿದವರನ್ನು. ಈಗ ವೇಷ ಬದಲಾಗಿದೆ, ಎಲ್ಲ ಬಿಚ್ಚಿ ಮೊದಲಿನಿಂದ ಹೊಲಿಯಬೇಕು. ಹೊರಗಿನವರು ಇಣುಕದಂತೆ ಬಾಗಿಲಿಗೆ ಕಾವಲು ಬೇರೆ. ಮುಂದಿನ ವರ್ಷ ನೋಡೋಣ ಅಕ್ಕ. ಹೋದ ವರ್ಷವೂ ಹೀಗೇ ಬರೆದಿದ್ದೆ, ಬೈಯಬೇಡ.

ನಿನ್ನ ತಂಗಿ,
ಝೆಲಿಂದಾ

ಮರೆತ ಮಾತು: ಮರೆತದ್ದಲ್ಲ, ಬರೆಯಲು ನಾಚಿಕೆಯಾಗಿತ್ತು. ನಾನೇ ಅಂತ ನಾನು ಹೇಳಲೇ ಇಲ್ಲ. ಮಾಮನ ಮುಖ ನೋಡಿದವಳೇ ಸೂಜಿಗೆ ದಾರ ಪೋಣಿಸತೊಡಗಿದೆ. ನಲ್ಲಿಯ ಹತ್ತಿರ ನನ್ನನ್ನು ಕಂಡಿದ್ದ ಅತ್ತೆ ಎದ್ದು, ನನ್ನನ್ನು ಉಳಿಸುತ್ತೇನೆ ಅಂದುಕೊಂಡು, "ನಾನೇ ಕಣಪ್ಪ, ವಯಸ್ಸಾಯ್ತು, ಬಾಯಿ ಜಾರ್ತು," ಅಂದರು. ನಾನು ತಲೆ ತಗ್ಗಿಸಿ ಹೊಲಿಯುತ್ತಾ ಕೂತೆ. ನಿನ್ನೆ ಅವರಿಗೆ ಕಾಚುಪಾ ಗಂಜಿ ಕೊಡಲು ಹೋಗಿದ್ದೆ. ಹೊಸ ವೇಷ ಏನು ಮಗಳೇ ಅಂತ ಕೇಳಿದರು. ಹೊರಗಿನವರಿಗೆ ಹೇಳುವ ಹಾಗಿಲ್ಲ ಅತ್ತೆ ಅಂದುಬಿಟ್ಟೆ.